ಬೆಳಿಗ್ಗೆ ಮಾತ್ರ ಸಿಕ್ಕಿಕೊಳ್ಳುತ್ತಿದ್ದ ಮೊಳೆ ಗನ್

ಮೊಳೆ ಹೊಡೆಯುವ ಗನ್ ಬಗ್ಗೆ ಬರೆಯುತ್ತೇನೆ ಎಂದಾಗ ನನ್ನ ಮಗಳು, "ಯಾರಮ್ಮ ಓದ್ತಾರೆ ಅದನ್ನ?" ಎಂದಳು. ಅವಳ ಪ್ರಕಾರ ನನ್ನ ಫೇಸ್‌ಬುಕ್ ಪೇಜಿಗೆ ಬರುವವರಿಗೆ ಬೇಕಾಗಿರುವುದು ಮೂರೇ: ಅತ್ತೆ ಸೊಸೆ ಜಗಳ, ತಿಂಡಿ, ಬಸ್ಸಿನಲ್ಲಿ ಸೀಟಿಗೆ ಕಿತ್ತಾಡಿದ ಕತೆ. ಅವನ್ನೆಲ್ಲ ಬರೆದಾಗಿದೆ. ಇವತ್ತು ಗನ್ ಕತೆ. ಅದು ಸಿಕ್ಕಿಕೊಳ್ಳಲು ಶುರುವಾದದ್ದರಿಂದ ನಮ್ಮ ಮೇಸ್ತ್ರಿ ಕೆಲಸವನ್ನೇ ಬಿಟ್ಟು ಮನೆಯಲ್ಲಿ ಕೂರುವ ಹಾಗಾಗಿತ್ತು. ತಪ್ಪು ಪೂರ್ತಿ ನನ್ನದು. ಅದನ್ನು ಮೊದಲೇ ಹೇಳಿಬಿಟ್ಟರೆ ಆಮೇಲೆ ಬರೆಯಲು ಸಲೀಸು.

ಕಾಮಾಕ್ಷಿಪಾಳ್ಯದಲ್ಲಿ ನನ್ನದೊಂದು ಸೋಫಾ ಮಾಡುವ ಶೆಡ್ ಇದೆ. ಮೇಲೆ ತಗಡು, ಮುಂದೆ ಶಟರ್, ಒಳಗೆ ಗೋಡೆಗೆ ಒರಗಿಸಿದ ಫೋಮ್ ಶೀಟುಗಳು. ಅಕ್ಕಪಕ್ಕ ಲೇತ್ ಮಷಿನ್ನುಗಳು, ಎದುರಿಗೆ ಒಂದು ಗಾರ್ಮೆಂಟ್ಸ್. ಶೆಡ್ಡಿನಲ್ಲಿ ಇರುವುದು ಇಬ್ಬರೇ. ಮರದ ಚೌಕಟ್ಟು ಕಟ್ಟುವುದು ಮೇಸ್ತ್ರಿ. ಅದರ ಮೇಲೆ ಫೋಮ್ ಕೂರಿಸಿ ಬಟ್ಟೆ ಎಳೆದು ಹೊಲಿಯುವುದು ನಾನು.

ಮೇಸ್ತ್ರಿಗೆ ಅರವತ್ತೆರಡು. ಕೆಂಗೇರಿಯಲ್ಲಿ ಮನೆ, ಮಗ ಸೊಸೆ ಜೊತೆಗಿದ್ದಾರೆ. ದಿನಾ ಮೆಟ್ರೋದಲ್ಲಿ ವಿಜಯನಗರಕ್ಕೆ ಬಂದು, ಅಲ್ಲಿಂದ ಬಸ್ಸು ಹಿಡಿದು ಒಂಬತ್ತೂವರೆಗೆ ಶಟರ್ ಎತ್ತುತ್ತಾರೆ. ನಾನು ಮನೆಯಲ್ಲಿ ದಿಂಬಿನ ಕವರ್ ಹೊಲಿದುಕೊಂಡಿದ್ದ ಕಾಲದಲ್ಲಿ ನಮ್ಮ ಪಕ್ಕದ ಮನೆಯ ಸೋಫಾ ರಿಪೇರಿಗೆ ಬಂದಿದ್ದರು. ಅದೇ ಸೋಫಾಕ್ಕೆ ನಾನು ಹೊಲಿದಿದ್ದ ಕವರ್ ತಿರುಗಾ ಮುರುಗಾ ನೋಡಿ, "ಹೊಲಿಗೆ ಚೆನ್ನಾಗಿದೆ. ಆದ್ರೆ ಒಳಗಡೆ ಮರ ಗೊತ್ತಿಲ್ದೆ ಹೊರಗಡೆ ಹೊಲಿಯೋದು ಯಾವ ಸೀಮೆ ಕೆಲ್ಸ?" ಎಂದರು. ನನಗೆ ಸಿಟ್ಟು ಬಂತು. ಮಾರನೆಯ ದಿನ ಅವರ ಹತ್ತಿರವೇ ಹೋಗಿ ಮರ ಕಲಿಸಿ ಎಂದೆ. ಸಿಲ್ವರ್ ಓಕ್ ಯಾವುದು, ರಬ್ಬರ್ ಮರ ಯಾವುದು, ಒದ್ದೆ ಮರ ಕೈಗೆ ಹೇಗೆ ತಣ್ಣಗೆ ಸಿಗುತ್ತದೆ, ಇದನ್ನೆಲ್ಲ ನನಗೆ ಹೇಳಿಕೊಟ್ಟವರು ಅವರು. ಇವತ್ತು ನಾನು ತಿನ್ನುವ ಅನ್ನ ಆ ಬೈಗುಳದಿಂದ ಬಂದದ್ದು. ಇದನ್ನು ಅವರ ಮುಂದೆ ಹೇಳಿದರೆ ಎದ್ದು ಹೋಗುತ್ತಾರೆ, ಅದಕ್ಕೆ ಇಲ್ಲಿ ಬರೆಯುತ್ತಿದ್ದೇನೆ.

ಒಂದು ಬೇಸಿಗೆಯಲ್ಲಿ ಅವರ ಬಲಭುಜ ಕೈಕೊಟ್ಟಿತು. ನಲವತ್ತು ವರ್ಷ ಸುತ್ತಿಗೆ ಬೀಸಿದ ಭುಜ. ಡಾಕ್ಟರು ಸುತ್ತಿಗೆ ಮುಟ್ಟಲೇಬೇಡಿ ಎಂದರು. ಮೇಸ್ತ್ರಿ ಒಂದು ವಾರ ಬರಲಿಲ್ಲ. ಎಂಟನೆಯ ದಿನ ಬಂದು ಸ್ಟೂಲಿನ ಮೇಲೆ ಕೂತರು.

"ಏನಾಯ್ತು ಮೇಸ್ತ್ರಿ, ರೆಸ್ಟ್ ಅಂದ್ರಲ್ಲ?"

"ಮೂರು ದಿನ ಟಿವಿ ನೋಡ್ದೆ. ನಾಕನೇ ದಿನ ಟಿವಿ ಸ್ಟ್ಯಾಂಡ್ ಅಲ್ಲಾಡ್ತಿತ್ತು. ಒಂದು ಮೊಳೆ ಹೊಡ್ದೆ. ಆಮೇಲೆ ಎರಡು ದಿನ ತುತ್ತು ಎತ್ತಕ್ಕಾಗ್ಲಿಲ್ಲ. ಸೊಸೆ ಬೈದ್ಲು. ಮನೇಲಿ ಕೂತ್ರೆ ನಾನು ಸತ್ತೋಗ್ತೀನಿ ಕಣಮ್ಮ, ಏನಾದ್ರೂ ಮಾಡಿ."

ಅವರು ನನ್ನನ್ನು ಏನಾದರೂ ಕೇಳಿದ್ದು ಅದೇ ಮೊದಲು. ಆ ವಾರವೇ ಪೇಟೆಗೆ ಹೋಗಿ ಕಂಪ್ರೆಸರ್ ಒಂದನ್ನೂ ಮೊಳೆ ಗನ್ ಒಂದನ್ನೂ ತಂದೆ. ನೋಡದವರಿಗೆ ಹೇಳುತ್ತೇನೆ: ಕಂಪ್ರೆಸರ್ ಟ್ಯಾಂಕಿನಲ್ಲಿ ಗಾಳಿ ತುಂಬುತ್ತದೆ, ಅದು ಪೈಪಿನಲ್ಲಿ ಗನ್ನಿಗೆ ಬರುತ್ತದೆ. ಸಾಲಾಗಿ ಅಂಟಿಸಿದ ಮೊಳೆಗಳ ಪಟ್ಟಿಯನ್ನು ಗನ್ನಿನ ಕೆಳಗಿನ ಉದ್ದನೆಯ ಗೂಡಿಗೆ ಹಾಕಬೇಕು. ಗನ್ನಿನ ಮೂತಿಯನ್ನು ಮರಕ್ಕೆ ನೆಟ್ಟಗೆ ಒತ್ತಿ ಟ್ರಿಗರ್ ಎಳೆದರೆ, ಒಳಗಿನ ಸಣ್ಣ ಉಕ್ಕಿನ ಪಟ್ಟಿಯೊಂದು ಒಂದು ಮೊಳೆಯನ್ನು ಗುದ್ದಿ ಮರಕ್ಕೆ ಇಳಿಸಿ ವಾಪಸ್ಸು ಹೋಗುತ್ತದೆ. ಭುಜಕ್ಕೆ ಕೆಲಸವೇ ಇಲ್ಲ.

ಮೇಸ್ತ್ರಿ ಮೊದಲು ಮೂಗು ಮುರಿದರು. "ಇದೇನು ಕೆಲ್ಸಾನಾ? ಪೋಸ್ಟಾಫೀಸಲ್ಲಿ ಸೀಲ್ ಒತ್ತೋ ಹಂಗಿದೆ," ಎಂದರು. ಮಧ್ಯಾಹ್ನದ ಹೊತ್ತಿಗೆ ಒಂದು ಚೌಕಟ್ಟು ಮುಗಿಸಿದ್ದರು. ಸಂಜೆ ನಾನು ಒಂದು ಮೊಳೆ ಹೊಡೆದು ನೋಡುತ್ತೇನೆ ಎಂದರೆ ಕೊಡಲಿಲ್ಲ.

ಅಂಗಡಿಯವನು ನನಗೆ ಹೇಳಿದ್ದು ಒಂದೇ ಮಾತು: "ದಿನಾ ಬೆಳಿಗ್ಗೆ ಗಾಳಿ ಹೋಗೋ ತೂತಿಗೆ ಎರಡು ಹನಿ ಎಣ್ಣೆ, ಮೇಡಂ. ಮಗು ಥರ ನೋಡ್ಕೊಳ್ಳಿ." ಆ ಮಾತನ್ನು ನಾನು ವ್ರತದ ಹಾಗೆ ಪಾಲಿಸಿದೆ. ಗನ್ನಿನ ಜೊತೆ ಬಂದ ಪುಟ್ಟ ಸೀಸೆಯ ಎಣ್ಣೆ ಎರಡು ತಿಂಗಳಿಗೆ ಮುಗಿಯಿತು. ಆಮೇಲೂ ಒಂದು ದಿನ ತಪ್ಪಿಸಲಿಲ್ಲ. ಆಯುಧಪೂಜೆಯ ದಿನವಂತೂ ಆ ಗನ್ನಿಗೆ ನಾನು ಮಾಡಿದ ಉಪಚಾರ ನನ್ನ ಮದುವೆಯಲ್ಲಿ ನನಗೂ ಆಗಿರಲಿಲ್ಲ. ಉಳಿ, ಗರಗಸ, ನನ್ನ ಸ್ಕೂಟರು, ಎಲ್ಲಕ್ಕೂ ಒಂದೊಂದು ಬೊಟ್ಟು. ಗನ್ನಿಗೆ ಮೂತಿ, ಹಿಡಿ, ಮೊಳೆ ಗೂಡು, ಎಲ್ಲೆಲ್ಲಿ ಜಾಗ ಇತ್ತೋ ಅಲ್ಲೆಲ್ಲ ಅರಿಶಿನ ಕುಂಕುಮ, ಮೇಲೆ ಎರಡು ಸುತ್ತು ಸೇವಂತಿಗೆ ಹಾರ. ಮೇಸ್ತ್ರಿ ಕೈಕಟ್ಟಿ ನಿಂತು ನೋಡುತ್ತಿದ್ದರು.

ಡಿಸೆಂಬರಿನಲ್ಲಿ ಶುರುವಾಯಿತು.

ಬೆಳಿಗ್ಗೆ ಗನ್ ಕೈಗೆತ್ತಿಕೊಂಡು ಐದಾರು ಮೊಳೆ ಹೊಡೆಯುವಷ್ಟರಲ್ಲಿ ಶಬ್ದ ಬದಲಾಗುತ್ತಿತ್ತು. ಠಪ್ ಠಪ್ ಎನ್ನುತ್ತಿದ್ದದ್ದು ಪುಸ್ ಎನ್ನುತ್ತಿತ್ತು. ಮೂತಿಯಲ್ಲಿ ಒಂದು ಮೊಳೆ ಕೊಕ್ಕೆಯ ಹಾಗೆ ಬಾಗಿ ಸಿಕ್ಕಿಕೊಂಡಿರುತ್ತಿತ್ತು. ಬಿಚ್ಚಿ ತೆಗೆದು, ಮತ್ತೆ ನಾಲ್ಕು ಮೊಳೆ, ಮತ್ತೆ ಪುಸ್. ಹನ್ನೊಂದು ಗಂಟೆ ದಾಟಿದರೆ ಕಡಿಮೆಯಾಗುತ್ತಿತ್ತು. ಊಟ ಮುಗಿಸಿ ಬಂದರೆ ಏನೂ ಆಗೇ ಇಲ್ಲ ಎನ್ನುವಂತೆ ಓಡುತ್ತಿತ್ತು.

ಮೇಸ್ತ್ರಿಯ ಭುಜವೂ ಹಾಗೇ. ಚಳಿಗೆ ಬೆಳಿಗ್ಗೆ ಬಿಗಿದುಕೊಂಡಿರುತ್ತದೆ, ಬಿಸಿಲೇರಿದ ಹಾಗೆ ಸಡಿಲವಾಗುತ್ತದೆ. ಅವರು ಎರಡನ್ನೂ ಕೂಡಿಸಿಬಿಟ್ಟರು.

"ಗನ್ನದ್ದಲ್ಲ ಕಣಮ್ಮ ತಪ್ಪು, ನನ್ ಕೈಯದ್ದು," ಎಂದರು ಒಂದು ದಿನ, ಬಾಗಿದ ಮೊಳೆಯನ್ನು ಇಕ್ಕಳದಲ್ಲಿ ಎಳೆಯುತ್ತ. "ನೆಟ್ಟಗೆ ಒತ್ತಕ್ಕಾಗ್ತಿಲ್ಲ. ಬೆಳಿಗ್ಗೆ ಕೈ ಒಂದ್ ಕಡೆ ವಾಲುತ್ತೆ. ಮೊಳೆ ಹೆಂಗೆ ನೆಟ್ಟಗೆ ಹೋಗುತ್ತೆ?"

"ಹಂಗೇನಿಲ್ಲ ಬಿಡಿ ಮೇಸ್ತ್ರಿ."

"ಹಂಗೇ ಇರೋದು. ಸಂಕ್ರಾಂತಿ ತನಕ ನೋಡ್ತೀನಿ. ಆಮೇಲೆ ನೀವು ಬೇರೆ ಯಾರನ್ನಾದ್ರೂ ನೋಡ್ಕೊಳ್ಳಿ. ಒಂದು ಸೀಲ್ ಒತ್ತಕ್ಕೂ ಆಗ್ದೇ ಇರೋನನ್ನ ಯಾಕೆ ಇಟ್ಕೋತೀರ?"

ನಾನು ಬಾಯಿ ಬಡುಕಿ. ಆಟೋದವರ ಜೊತೆ, ಬ್ಯಾಂಕಿನವರ ಜೊತೆ, ಯಾರ ಜೊತೆಗಾದರೂ ಮಾತಿನಲ್ಲಿ ಗೆಲ್ಲುತ್ತೇನೆ. ಆ ಹೊತ್ತು ಬಾಗಿದ ಮೊಳೆಯನ್ನು ಎತ್ತಿ ಕಸಕ್ಕೆ ಹಾಕಿದೆ, ಅಷ್ಟೆ. ಯಾಕೆಂದರೆ ಅವರು ಹೇಳಿದ್ದು ಸುಳ್ಳೂ ಅಲ್ಲ. ಗನ್ನನ್ನು ಓರೆಯಾಗಿ ಒತ್ತಿದರೆ ಮೊಳೆ ಸಿಕ್ಕಿಕೊಳ್ಳುತ್ತದೆ, ಅದು ನಿಜ. ಆದರೆ ಆ ಮನುಷ್ಯ ಓರೆಯಾಗಿ ಒತ್ತಿದ್ದನ್ನು ನಾನು ನೋಡಿರಲಿಲ್ಲ. ಸಂಕ್ರಾಂತಿಗೆ ಇನ್ನು ಮೂರು ವಾರವಿತ್ತು. ಅಷ್ಟರಲ್ಲಿ ಗನ್ ಸರಿಯಾದರೆ ಅವರು ಉಳಿಯುತ್ತಾರೆ, ಇಲ್ಲದಿದ್ದರೆ ಅಲ್ಲಾಡದ ಟಿವಿ ಸ್ಟ್ಯಾಂಡಿನ ಮುಂದೆ ಕೂರುತ್ತಾರೆ. ಲೆಕ್ಕ ಅಷ್ಟೇ.

ಅಂಗಡಿಗೆ ಫೋನ್ ಮಾಡಿದೆ. ಬಿಟ್ಟು ಹೋಗಿ, ಹತ್ತು ಹದಿನೈದು ದಿನ ಆಗುತ್ತೆ ಎಂದರು. ಹದಿನೈದು ದಿನ ಗನ್ ಇಲ್ಲ ಎಂದರೆ ಮೇಸ್ತ್ರಿ ಸುತ್ತಿಗೆ ಎತ್ತುತ್ತಾರೆ, ಇಲ್ಲವೇ ನಾಳೆಯೇ ಮನೆಯಲ್ಲಿ ಕೂರುತ್ತಾರೆ. ಬೇಡ ಎಂದೆ. ಆಮೇಲೆ ನನಗೆ ಗೊತ್ತಿರುವ ದಾರಿ ಹಿಡಿದೆ. ಪೇಜಿನಲ್ಲಿ ಬರೆದೆ: ನನ್ನ ಗನ್ ಬೆಳಿಗ್ಗೆ ಹೊತ್ತು ಸಿಕ್ಕಿಕೊಳ್ಳುತ್ತಿದೆ, ಏನು ಮಾಡಲಿ?

"ಮೇಡಂ, ಲೈಸೆನ್ಸ್ ಇದೆಯಾ?" ಎಂದು ಮೊದಲನೆಯವನು.

"ಯಜಮಾನ್ರು ಹುಷಾರಾಗಿದ್ದಾರಾ, ಆಂಟಿ?" ಎಂದು ಎರಡನೆಯವನು.

"ಬೆಳಿಗ್ಗೆ ನಾನೂ ಹಂಗೇ ಗುರು, ಕಾಫಿ ಕುಡಿಸಿ ನೋಡಿ," ಎಂದು ಮೂರನೆಯವನು. ಅವನ ಮಾತಿಗೆ ನೂರು ಜನ ನಕ್ಕಿದ್ದರು. ಪಾಪ, ಎಲ್ಲರಿಗಿಂತ ಸತ್ಯಕ್ಕೆ ಹತ್ತಿರ ಇದ್ದವನು ಅವನೇ ಎಂದು ನನಗೆ ಆಮೇಲೆ ಗೊತ್ತಾಯಿತು.

ಒಬ್ಬರು ಮಾತ್ರ ಗಂಭೀರವಾಗಿ, ಎಣ್ಣೆ ಸಾಲುತ್ತಿಲ್ಲ, ಜಾಸ್ತಿ ಹಾಕಿ ಎಂದು ಬರೆದರು. ಎರಡು ಹನಿ ಇದ್ದದ್ದನ್ನು ನಾಲ್ಕು ಮಾಡಿದೆ. ಮಾರನೆಯ ದಿನ ಇನ್ನೂ ಕೆಟ್ಟಿತು. ಆರು ಮಾಡಿದೆ. ಮೊಳೆ ಹಳೆಯದಿರಬಹುದು ಎಂದು ಹೊಸ ಪ್ಯಾಕೆಟ್ ಒಡೆದೆ. ಗಾಳಿ ಸಾಲದಿರಬಹುದು ಎಂದು ಕಂಪ್ರೆಸರಿನ ತಿರುಪು ಏರಿಸಿದೆ. ಮೊದಲೇ ಸಿಕ್ಕಿಕೊಂಡ ಮೊಳೆ ಇನ್ನೂ ಜೋರಾಗಿ ಸಿಕ್ಕಿಕೊಂಡಿತು.

ಆ ಬುಧವಾರ ಮಾಡಿದ್ದನ್ನು ಬರೆಯಲು ಈಗಲೂ ನಾಚಿಕೆ. ಗನ್ ಮತ್ತೆ ಪುಸ್ ಎಂದಿತು. "ಕೊಡಿ ಇಲ್ಲಿ," ಎಂದು ಮೇಸ್ತ್ರಿಯ ಕೈಯಿಂದ ಕಿತ್ತುಕೊಂಡು, ಮೂತಿಯನ್ನು ಕೆಳಗೆ ಮಾಡಿ ಹುಣಸೆಹಣ್ಣಿನ ಡಬ್ಬ ಕುಟ್ಟುವ ಹಾಗೆ ಹಲಗೆಗೆ ಕುಟ್ಟಿದೆ. ಗಾಳಿಯ ಪೈಪು ಹಾಗೇ ಇತ್ತು. ಬೆರಳು ಟ್ರಿಗರಿನ ಮೇಲಿತ್ತು. ಸಿಕ್ಕಿಕೊಂಡಿದ್ದ ಮೊಳೆ ಸಡಿಲವಾಗಿ, ಅದೂ ಹಿಂದಿನದೂ ಸೇರಿ ಹಾರಿದವು. ಒಂದು ಹಲಗೆಗೆ. ಇನ್ನೊಂದು ಮೇಸ್ತ್ರಿಯ ಮೊಣಕಾಲಿನ ಪಕ್ಕದಲ್ಲಿದ್ದ ಫೋಮಿಗೆ. ಫೋಮಿನಲ್ಲಿ ತೂತು ಕಾಣಲಿಲ್ಲ, ಅಷ್ಟು ಒಳಗೆ ಹೋಗಿತ್ತು.

ಇಷ್ಟು ವರ್ಷದಲ್ಲಿ ಅವರು ನನ್ನನ್ನು ಏಕವಚನದಲ್ಲಿ ಮಾತಾಡಿಸಿದ್ದು ಆವತ್ತು ಮಾತ್ರ.

"ಕೆಳಗಿಡು. ಮೊದ್ಲು ಪೈಪ್ ಕಿತ್ತಾಕು. ಆಮೇಲೆ ಮೊಳೆ ತೆಗಿ. ಆಮೇಲೆ ಮುಟ್ಟು. ಎಷ್ಟು ಸಲ ನೋಡಿದ್ದೀಯ ನಾನು ಮಾಡೋದು?"

ದಿನಾ ನೋಡಿದ್ದೆ. ಸಿಕ್ಕಿಕೊಂಡಾಗಲೆಲ್ಲ ಅವರು ಮೊದಲು ಪೈಪು ಬಿಡಿಸಿ, ಉಳಿದ ಮೊಳೆಗಳ ಪಟ್ಟಿಯನ್ನು ಹೊರಗೆಳೆದು, ಆಮೇಲೆ ಮೂತಿಯ ಮುಚ್ಚಳ ತೆಗೆದು ಇಕ್ಕಳ ಹಾಕುತ್ತಿದ್ದರು. ನನಗೆ ಅದು ವಯಸ್ಸಾದವರ ನಿಧಾನ ಎನಿಸಿತ್ತು. ಇದನ್ನು ಓದುತ್ತಿರುವವರ ಮನೆಯಲ್ಲಿ ಇಂಥ ಗನ್ ಇದ್ದರೆ, ಬೇರೆ ಏನು ಮರೆತರೂ ಇದೊಂದನ್ನು ಮರೆಯಬೇಡಿ. ಗಾಳಿ ಕಿತ್ತ ಮೇಲೆಯೇ ಕೈ.

ಅವತ್ತು ಉಳಿದ ಹೊತ್ತು ಅವರು ಗನ್ ಮುಟ್ಟಲಿಲ್ಲ. ಚೀಲದಿಂದ ಸುತ್ತಿಗೆ ತೆಗೆದರು. ಬೇಡ ಎಂದೆ. ಕೇಳಲಿಲ್ಲ. ನನ್ನ ಮೇಲಿನ ಸಿಟ್ಟಿಗೋ ಅವರ ಭುಜದ ಮೇಲಿನ ಸಿಟ್ಟಿಗೋ, ಒಂದು ಚೌಕಟ್ಟಿನ ಹಿಂಬದಿ ಪೂರ್ತಿ ಸುತ್ತಿಗೆಯಲ್ಲೇ ಹೊಡೆದು ಮುಗಿಸಿದರು. ಗುರುವಾರ ಬರಲಿಲ್ಲ. ಫೋನ್ ಮಾಡಿದರೆ ಸೊಸೆ ಎತ್ತಿ, "ಮಾವಂಗೆ ಕೈ ಎತ್ತಕ್ಕಾಗ್ತಿಲ್ಲ ಆಂಟಿ. ಇನ್ನು ಸಾಕು ಅಂತಿದ್ದಾರೆ," ಎಂದಳು.

ಎದುರಿನ ಗಾರ್ಮೆಂಟ್ಸಿನಲ್ಲಿ ಒಬ್ಬಳು ಸೂಪರ್‌ವೈಸರ್ ಇದ್ದಾಳೆ. ನನ್ನದೇ ವಯಸ್ಸು, ನನಗಿಂತ ಜೋರು ಬಾಯಿ. ದಿನಾ ಊಟದ ಹೊತ್ತಿಗೆ ಡಬ್ಬಿ ಹಿಡಿದು ನಮ್ಮ ಶೆಡ್ಡಿಗೆ ಬರುತ್ತಾಳೆ, ಯಾಕೆಂದರೆ ಇಲ್ಲಿ ಕೂರಲು ಸೋಫಾ ಇರುತ್ತದೆ. ಶುಕ್ರವಾರ ಬಂದವಳು ಮೇಸ್ತ್ರಿ ಎಲ್ಲಿ ಎಂದಳು. ಎಲ್ಲ ಹೇಳಿದೆ. ಹೇಳುತ್ತ ಹೇಳುತ್ತ ಕಣ್ಣಲ್ಲಿ ನೀರು ಬಂತು.

"ಅಳೋದು ಆಮೇಲೆ ಇಟ್ಕೋ. ಗನ್ ತಗೊಂಡ್ ಬಾ," ಎಂದಳು. "ನಮ್ಮಲ್ಲಿ ಪ್ಯಾಂಟಿಗೆ ಬಟನ್ ಒತ್ತೋ ಮಷಿನ್ ಗಾಳಿದೇ. ಅದೂ ಚಳಿಗಾಲದಲ್ಲಿ ಮುನಿಸ್ಕೊಳುತ್ತೆ. ಮೆಕ್ಯಾನಿಕ್ ಮಾಡೋದನ್ನ ಹತ್ತು ವರ್ಷ ನಿಂತ್ಕೊಂಡು ನೋಡಿದ್ದೀನಿ."

ಮೊದಲು ಕಂಪ್ರೆಸರಿನ ಹತ್ತಿರ ಕೂತು ಟ್ಯಾಂಕಿನ ಹೊಟ್ಟೆಯ ಕೆಳಗೆ ಕೈಹಾಕಿದಳು. ಅಲ್ಲೊಂದು ಪುಟ್ಟ ತಿರುಪು ಇತ್ತು. ಅದು ಇರುವುದೇ ನನಗೆ ಗೊತ್ತಿರಲಿಲ್ಲ. ತಿರುಗಿಸಿದರೆ ಬುಸ್ ಎಂದು ಗಾಳಿಯ ಜೊತೆ ನೀರು ಬಂತು, ತುಕ್ಕು ಸೇರಿ ಕಾಫಿ ಡಿಕಾಕ್ಷನ್ ಬಣ್ಣ. ಅರ್ಧ ಚೊಂಬು.

"ಎಷ್ಟು ದಿನದ್ದಿದು?"

"ತಂದಾಗಿಂದ."

"ಭೇಷ್. ಗಾಳಿ ಒತ್ತಿ ತುಂಬಿದ್ರೆ ನೀರು ಕೂಡುತ್ತೆ ಕಣೇ. ದಿನಾ ಸಂಜೆ ಬಿಡ್ಬೇಕು. ಇಲ್ದೇ ಇದ್ರೆ ಅದೇ ನೀರು ಗನ್ ಒಳಗೆ ಹೋಗುತ್ತೆ."

ಆಮೇಲೆ ಪೈಪು ಕಿತ್ತು, ಮೊಳೆ ತೆಗೆದು, ಮೊಳೆ ಗೂಡನ್ನು ಹಿಂದಕ್ಕೆ ಎಳೆದಳು. ನನ್ನ ಬಿಳಿ ಲೈನಿಂಗ್ ಬಟ್ಟೆಯ ತುಂಡೊಂದನ್ನು ಕಡ್ಡಿಗೆ ಸುತ್ತಿ ಗೂಡಿನೊಳಗೆ ಎಳೆದಳು. ಬಟ್ಟೆ ಕೆಂಪಗೆ ಬಂತು. ಇನ್ನೊಂದು ಸಲ ಎಳೆದಳು. ಕೆಂಪು, ಹಳದಿ, ಮಧ್ಯೆ ಮರದ ಹೊಟ್ಟು, ಜೊತೆಗೆ ಒಂದು ಒಣಗಿದ ಸೇವಂತಿಗೆ ಎಸಳು.

ಅವಳು ಬಟ್ಟೆಯನ್ನು ನೋಡಿದಳು, ನನ್ನನ್ನು ನೋಡಿದಳು. "ಏನೇ ಇದು, ಗನ್ನಾ, ಗೌರಮ್ಮನಾ?"

ಅವಳು ಗನ್ನಿನ ತಲೆಯ ನಾಲ್ಕು ತಿರುಪು ಬಿಚ್ಚಿ ಮುಚ್ಚಳ ಎತ್ತಿದಳು. ಒಳಗೆ ನೋಡಿ, ಬೆರಳಿಟ್ಟು, ಬೆರಳನ್ನು ಮೂಗಿನ ಹತ್ತಿರ ಹಿಡಿದಳು. ಇನ್ನೊಂದು ಸಲ ಮೂಸಿದಳು. ಎದ್ದು ಬಂದು ನನ್ನ ಜಡೆ ಮೂಸಿದಳು.

"ದಿನಾ ಯಾವ ಎಣ್ಣೆ ಹಾಕ್ತಿದ್ದೆ ಇದಕ್ಕೆ?"

ಶೆಲ್ಫಿನಲ್ಲಿ ನನ್ನ ಕೊಬ್ಬರಿ ಎಣ್ಣೆಯ ಸೀಸೆ ಇತ್ತು. ಮರದ ಅಂಟು ಬೆರಳಿಗೆ ಹತ್ತಿಕೊಂಡರೆ ಬಿಡಿಸಲು, ಒಡೆದ ಅಂಗೈಗೆ ಸವರಲು, ಸಂಜೆ ತಲೆಗೆ ಎರಡು ಹನಿ. ಅದನ್ನೇ ತೋರಿಸಿದೆ. ನಮ್ಮಮ್ಮ ಬಾಗಿಲ ತಿರುಗಣೆಗೂ ಅದನ್ನೇ ಹಾಕುತ್ತಿದ್ದಳು, ಹೊಲಿಗೆ ಮಷಿನ್ನಿಗೂ ಅದನ್ನೇ, ನನ್ನ ಕಿವಿಗೂ ಅದನ್ನೇ. ಎರಡು ಹನಿ ಎಣ್ಣೆ ಎಂದರೆ ನಮ್ಮ ಮನೆಯಲ್ಲಿ ಬೇರೆ ಎಣ್ಣೆ ಇದೆ ಎಂದು ಯಾರಿಗೂ ಅನಿಸುತ್ತಿರಲಿಲ್ಲ.

ಅವಳು ಸೀಸೆ ತೆಗೆದು ತಲೆಕೆಳಗು ಮಾಡಿ ಹಿಡಿದಳು. ಏನೂ ಬೀಳಲಿಲ್ಲ. ಅವತ್ತು ಮೋಡ, ಬಿಸಿಲೇ ಬಂದಿರಲಿಲ್ಲ; ಚಳಿಗೆ ಎಣ್ಣೆ ಬೆಳ್ಳಗೆ ಗಟ್ಟಿಯಾಗಿ ಸೀಸೆಯೊಳಗೇ ನಿಂತಿತ್ತು.

"ನೀನು ಬೆಳಿಗ್ಗೆ ಹೆಂಗೆ ಹಾಕ್ತಿದ್ದೆ?"

"ಬಿಸಿಲಿಗಿಟ್ಟು, ಕರಗಿಸಿ."

ಹೇಳಿದ ಮೇಲೆ ನನಗೇ ಕೇಳಿಸಿತು ನಾನು ಏನು ಹೇಳಿದೆ ಎಂದು. ಸೀಸೆಯಲ್ಲಿ ಗಟ್ಟಿಯಾಗುವ ಎಣ್ಣೆ ಗನ್ನಿನೊಳಗೂ ಗಟ್ಟಿಯಾಗುತ್ತದೆ. ಮೊಳೆ ಗುದ್ದಿದ ಉಕ್ಕಿನ ಪಟ್ಟಿ ಪೂರ್ತಿ ಹಿಂದಕ್ಕೆ ಸರಿಯುತ್ತಿರಲಿಲ್ಲ. ಅದು ಅರ್ಧದಲ್ಲಿ ನಿಂತಿರುವಾಗ ಕುಂಕುಮದ ಗೂಡಿನಲ್ಲಿ ತೆವಳಿಕೊಂಡು ಬಂದ ಮುಂದಿನ ಮೊಳೆ ಓರೆಯಾಗಿ ನುಗ್ಗುತ್ತಿತ್ತು. ಗುದ್ದಿದರೆ ಬಾಗಿ ಸಿಕ್ಕಿಕೊಳ್ಳುತ್ತಿತ್ತು. ಬಿಸಿಲೇರಿ ತಗಡು ಕಾದು ಎಣ್ಣೆ ಕರಗಿದರೆ ಎಲ್ಲ ಸಲೀಸು. ಬೆಳಗಿನ ಕಾಯಿಲೆಗೆ ಬೆಳಿಗ್ಗೆಯೇ ನಾನು ಆರು ಹನಿ ಮದ್ದು ಹಾಕುತ್ತಿದ್ದೆ, ಅದೇ ಕಾಯಿಲೆಯಾಗಿತ್ತು.

"ಹೂವು ಏರಿಸಿ, ಕುಂಕುಮ ಇಟ್ಟು, ತಲೆಗೆ ಎಣ್ಣೆ ಒತ್ತಿದ್ದೀಯ," ಎಂದಳು ಸೂಪರ್‌ವೈಸರ್. "ಜಡೆ ಒಂದು ಹೆಣೆದಿದ್ರೆ ಮದ್ವೆ ಮಾಡಿ ಕಳಿಸ್ಬೋದಿತ್ತು."

ಊಟ ಅರ್ಧಕ್ಕೆ ಬಿಟ್ಟು ಕೂತು ಒರೆಸಿದಳು. ಸೀಮೆಎಣ್ಣೆ ತರಲಾ ಎಂದೆ. ಒಳಗಿನ ರಬ್ಬರ್ ಬಳೆ ಉಬ್ಬಿ ಹಾಳಾಗುತ್ತದೆ, ಒಣ ಬಟ್ಟೆಯೇ ಸಾಕು ಎಂದಳು. ಮೊಳೆ ಗೂಡಿಗೆ ಎಣ್ಣೆಯೇ ಬೇಡ, ಹೊಟ್ಟು ಅಂಟುತ್ತದೆ, ಒಣಗಿರಲಿ ಎಂದಳು. ಫ್ಯಾಕ್ಟರಿಗೆ ಓಡಿಹೋಗಿ ಮೆಕ್ಯಾನಿಕ್ ಹತ್ತಿರದಿಂದ ಗಾಳಿ ಮಷಿನ್ನಿನ ತೆಳು ಎಣ್ಣೆಯನ್ನು ಒಂದು ಔಷಧಿ ಸೀಸೆಯಲ್ಲಿ ತಂದಳು. ಎರಡೇ ಹನಿ ಹಾಕಿದಳು. ನಾನು ಏರಿಸಿದ್ದ ಗಾಳಿಯನ್ನು ಮೊದಲಿನ ಗುರುತಿಗೆ ಇಳಿಸಿದಳು. ನಾನು ಹೇಗೆ ಉಪಕಾರ ತೀರಿಸಲಿ ಎಂದರೆ, "ನಿನ್ ಪೇಜಲ್ಲಿ ನನ್ ಫೋಟೋ ಹಾಕ್ಬೇಡ. ನಮ್ ಮೆಕ್ಯಾನಿಕ್ಕಿಗೆ ಹೊಟ್ಟೆ ಉರಿಯುತ್ತೆ," ಎಂದಳು. ಹೊರಡುವಾಗ ಬಾಗಿಲಲ್ಲಿ ನಿಂತು ಹೇಳಿದಳು: "ಈಗ್ಲೇ ಓಡ್ಬೇಡ ಅವರ ಮನೆಗೆ. ನಾಳೆ ಬೆಳಿಗ್ಗೆ ಚಳಿಲಿ ನೀನೇ ಹೊಡ್ದು ನೋಡು. ಸುಳ್ಳು ಆಸೆ ತೋರಿಸ್ಬೇಡ ಅವರಿಗೆ."

ಅವಳಿಗೆ ನಾನು ಋಣಿಯಾಗಿರುವುದು ಗನ್ ಒರೆಸಿದ್ದಕ್ಕಿಂತ ಈ ಮಾತಿಗೆ.

ಶನಿವಾರ ಏಳೂವರೆಗೇ ಶಟರ್ ಎತ್ತಿದೆ. ಮಾಗಡಿ ರಸ್ತೆಯ ಮೇಲೆ ಮಂಜು ಇತ್ತು, ಬಸ್ಸುಗಳು ದೀಪ ಹಾಕಿಕೊಂಡು ಹೋಗುತ್ತಿದ್ದವು. ಗನ್ನಿನ ಹಿಡಿ ಕೈ ಕೊರೆಯುವಷ್ಟು ತಣ್ಣಗಿತ್ತು. ಬೇಡದ ಹಲಗೆಯೊಂದನ್ನು ಇಟ್ಟುಕೊಂಡು ಹೊಡೆಯುತ್ತ ಹೋದೆ. ಐದಾಯಿತು. ಹತ್ತಾಯಿತು. ಪಟ್ಟಿ ಖಾಲಿಯಾಯಿತು. ಎರಡನೆಯ ಪಟ್ಟಿ ಹಾಕಿದೆ, ಅದೂ ಮುಗಿಯಿತು. ಒಂದೂ ಸಿಕ್ಕಿಕೊಳ್ಳಲಿಲ್ಲ. ಪೈಪು ಕಿತ್ತು, ಗನ್ನನ್ನು ಕೆಳಗಿಟ್ಟು, ಸ್ಕೂಟರ್ ತೆಗೆದು ಕೆಂಗೇರಿಗೆ ಹೊರಟೆ.

ಮೇಸ್ತ್ರಿ ಮನೆಯ ಮೆಟ್ಟಿಲ ಮೇಲೆ ಕೂತು ಅವರೆಕಾಳು ಹಿತುಕುತ್ತಿದ್ದರು. ನೆನೆಹಾಕಿದ ಕಾಳಿನ ದೊಡ್ಡ ಬೋಗುಣಿ ಎಡಗಡೆ, ಬೇಳೆಯ ಪಾತ್ರೆ ಬಲಗಡೆ. ಸೊಸೆ ಒಳಗಿನಿಂದ, "ಎರಡು ದಿನದಿಂದ ಇದೇ ಕೆಲ್ಸ ಆಂಟಿ. ಇಡೀ ಬೀದಿಗೆ ಆಗುವಷ್ಟು ಹಿತುಕಿದ್ದಾರೆ. ಬೇಡ ಅಂದ್ರೂ ಬಿಡಲ್ಲ," ಎಂದಳು.

ನಾನು ಕೆಳಗಿನ ಮೆಟ್ಟಿಲ ಮೇಲೆ ಕೂತೆ. ಎಲ್ಲ ಹೇಳಿದೆ. ಟ್ಯಾಂಕಿನ ನೀರು, ಕುಂಕುಮ, ಕೊಬ್ಬರಿ ಎಣ್ಣೆ, ಬಿಸಿಲಿಗಿಟ್ಟು ಕರಗಿಸಿದ್ದು, ಆರು ಹನಿ. ಅವರು ತಲೆ ಎತ್ತಲಿಲ್ಲ. ಹೆಬ್ಬೆರಳಿಗೂ ತೋರುಬೆರಳಿಗೂ ನಡುವೆ ಒಂದೊಂದೇ ಕಾಳು ಸಿಪ್ಪೆಯಿಂದ ಜಾರಿ ನೆಟ್ಟಗೆ ಪಾತ್ರೆಗೆ ಬೀಳುತ್ತಿತ್ತು. ಒಂದೂ ಆಚೆ ಬೀಳಲಿಲ್ಲ.

"ನಿಮ್ಮ ಕೈ ಏನೂ ಆಗಿರ್ಲಿಲ್ಲ ಮೇಸ್ತ್ರಿ. ನಾನೇ ಕೆಡಿಸಿದ್ದು. ನೀವು ಮೂರು ವಾರ ಸುಮ್ನೆ ನಿಮ್ಮನ್ನ ಬೈಕೊಂಡ್ರಿ."

ಅವರು ಪಾತ್ರೆಯ ಬೇಳೆಯನ್ನು ಅಂಗೈಯಿಂದ ಸಮ ಮಾಡಿದರು.

"ಕುಂಕುಮ ನೋಡಿದ್ದೆ," ಎಂದರು.

"ನೋಡಿದ್ರಾ? ಮತ್ತೆ ಹೇಳ್ಬಾರ್ದಾ?"

"ಪೂಜೆ ಮಾಡ್ತಿರೋ ಹೆಣ್ಮಗಳಿಗೆ ಕುಂಕುಮ ಕಮ್ಮಿ ಹಾಕಮ್ಮ ಅಂತ ಯಾವ ಬಾಯಲ್ಲಿ ಹೇಳ್ಲಿ? ಮಾರನೇ ದಿನ ಮೇಲ್ಗಡೆ ಒರೆಸ್ದೆ. ಒಳಗಡೆ ಹೋಗಿರುತ್ತೆ ಅಂತ ಹೊಳೀಲಿಲ್ಲ." ಒಂದು ಕಾಳು ಹಿತುಕಿದರು. "ಕೊಬ್ಬರಿ ಎಣ್ಣೆ ವಾಸ್ನೆ ನಿಮ್ ತಲೇದು ಅನ್ಕೊಂಡಿದ್ದೆ."

ಸೊಸೆ ಒಳಗೆ ನಕ್ಕದ್ದು ಕೇಳಿಸಿತು. ಅವರು ನಗಲಿಲ್ಲ. "ಬುಧವಾರ ನಾನೂ ಸುತ್ತಿಗೆ ಮುಟ್ಬಾರ್ದಿತ್ತು," ಎಂದರು. "ಸಿಟ್ಟು ಬಂತು."

"ನನ್ ಮೇಲೆ ತಾನೆ?"

"ಎಲ್ಲಾದ್ರ ಮೇಲೂ."

ಬರುತ್ತೀರಾ ಎಂದು ಕೇಳಲು ನನಗೆ ಧೈರ್ಯ ಬರಲಿಲ್ಲ. ಅವರೂ ಹೇಳಲಿಲ್ಲ. ಸೊಸೆ ಒಂದು ಡಬ್ಬಿಯಲ್ಲಿ ಹಿತುಕಿದ ಬೇಳೆ ತುಂಬಿಕೊಟ್ಟಳು. ವಾಪಸ್ಸು ಬರುವಾಗ ದಾರಿಯುದ್ದಕ್ಕೂ, ಕೇಳಬೇಕಿತ್ತು, ಕೇಳಬೇಕಿತ್ತು ಎಂದುಕೊಂಡೆ.

ಸೋಮವಾರ ನಾನು ಶೆಡ್ಡಿಗೆ ಹೋದಾಗ ಶಟರ್ ಮೇಲಿತ್ತು. ಒಳಗೆ ಮೇಸ್ತ್ರಿ ಮಂಡಿಯೂರಿ ಕೂತು ಟ್ಯಾಂಕಿನ ಕೆಳಗಿನ ತಿರುಪನ್ನು ಹುಡುಕುತ್ತಿದ್ದರು. ಭುಜಕ್ಕೆ ಪಟ್ಟಿ ಸುತ್ತಿತ್ತು. ನಾನು ತಿರುಪು ತೋರಿಸಿದೆ. ನೀರು ಬಿಟ್ಟರು. ಔಷಧಿ ಸೀಸೆಯಿಂದ ಎರಡು ಹನಿ ತಾವೇ ಹಾಕಿದರು, ಹಾಕುವ ಮೊದಲು ಮೂಸಿ ನೋಡಿದರು. ನನ್ನ ಕಡೆ ನೋಡದೆಯೇ ಮೂಸಿದರು ಎನ್ನುವುದು ಅವರ ದೊಡ್ಡತನ.

ಇನ್ನೂ ಹತ್ತು ಗಂಟೆ ಆಗಿರಲಿಲ್ಲ. ಚಳಿ ಇತ್ತು. ಅವರು ಗನ್ನಿನ ಮೂತಿಯನ್ನು ಮರಕ್ಕಿಟ್ಟು ಸ್ವಲ್ಪ ಹೊತ್ತು ಹಾಗೇ ನಿಂತರು. ಗನ್ ಸರಿಯಾಗಿದೆ ಎಂದು ನನಗೆ ಗೊತ್ತಿತ್ತು. ಆದರೆ ಇನ್ನು ಸಿಕ್ಕಿಕೊಂಡರೆ ದೂರಲು ಎಣ್ಣೆಯೂ ಇಲ್ಲ, ಕುಂಕುಮವೂ ಇಲ್ಲ, ಕೈಯೊಂದೇ ಎಂದು ಅವರಿಗೂ ಗೊತ್ತಿತ್ತು. ನಾನು ಬಟ್ಟೆ ಕತ್ತರಿಸುವ ನಾಟಕ ಮಾಡುತ್ತ ಕಿವಿ ಅಲ್ಲಿಟ್ಟುಕೊಂಡಿದ್ದೆ.

ಠಪ್.

ಆಮೇಲೆ ಇನ್ನೊಂದು. ಆಮೇಲೆ ಸಾಲಾಗಿ. ಚೌಕಟ್ಟಿನ ಒಂದು ಬದಿ ಮುಗಿದು, ಅವರು ಆಚೆ ಬದಿಗೆ ಸುತ್ತಿ ಹೋಗಿ, ಅಲ್ಲಿಂದಲೂ ಅದೇ ಶಬ್ದ ಬಂತು. ನಾನು ತಲೆ ಎತ್ತಲಿಲ್ಲ. ಎತ್ತಿದ್ದರೆ ಅತ್ತುಬಿಡುತ್ತಿದ್ದೆ, ಅವರು ಎದ್ದು ಹೋಗುತ್ತಿದ್ದರು.

ಮೂರನೆಯ ಮೂಲೆಗೆ ಹೋಗುವಾಗ ಅವರು ನಿಂತರು. ಕತ್ತರಿ ಹಿಡಿದೇ ತಿರುಗಿದೆ. ನೋಡಿದರೆ ಪೈಪು ಪೂರ್ತಿ ಬಿಗಿದುಕೊಂಡು ಗನ್ನನ್ನು ಹಿಂದಕ್ಕೆ ಎಳೆಯುತ್ತಿತ್ತು. ಅದನ್ನು ಎಳೆದರೆ ಭುಜಕ್ಕೆ ನೋವು.

"ಈ ಪೈಪ್ ಗಿಡ್ಡ ಆಯ್ತು," ಎಂದರು. "ಇನ್ನೊಂದು ಹತ್ತಡಿ ಉದ್ದದ್ದು ಬೇಕು. ಸಂಕ್ರಾಂತಿ ಆದ್ಮೇಲೆ ಆರ್ಡರ್ ಬಂದಿರೋ ಆ ದೊಡ್ಡ ಸೋಫಾ ಶುರು ಮಾಡ್ಬೇಕಲ್ಲ, ಅದರ ಸುತ್ತ ಹೆಂಗೆ ಓಡಾಡ್ಲಿ ಇದನ್ನ ಇಟ್ಕೊಂಡು?"

ಕತ್ತರಿ ಕೆಳಗಿಟ್ಟು ಸ್ಕೂಟರಿನ ಕೀ ತೆಗೆದುಕೊಂಡೆ.

"ಈಗ್ಲೇ ಯಾಕೆ? ತಿಂಡಿ ತಿಂದ್ಕೊಂಡು ಹೋಗಿ," ಎಂದರು ಮೇಸ್ತ್ರಿ.

ನಾನು ತಿಂಡಿ ತಿನ್ನಲಿಲ್ಲ. ಹತ್ತಡಿ ಕೇಳಿದ್ದರು, ಇಪ್ಪತ್ತಡಿಯ ಪೈಪು ತಂದೆ.